ಕಂತು ಹೇಳದ ಲೆಕ್ಕ

ಹೊಸ ಮನೆಯ ಒಕ್ಕಲಿಗೆ ಬಂದವರು ಊಟ ಮುಗಿಸಿ, ತಾಂಬೂಲ ಮೆಲ್ಲುತ್ತ, ಮನೆಯ ಯಜಮಾನನನ್ನು ಕೇಳುವ ಪ್ರಶ್ನೆ ನಮ್ಮ ಕಡೆ ಒಂದೇ: “ಒಟ್ಟು ಎಷ್ಟಾಯಿತು?” ಆತನು ಕೆಂಪುಕಲ್ಲಿನ ಲೆಕ್ಕ, ಮರಮಟ್ಟಿನ ಲೆಕ್ಕ, ಸಿಮೆಂಟು ಕಬ್ಬಿಣಗಳ ಲೆಕ್ಕ, ಆಳುಗಳ ಮಜೂರಿ ಎಲ್ಲವನ್ನೂ ಕೂಡಿಸಿ ಒಂದು ಮೊತ್ತವನ್ನು ಹೇಳುತ್ತಾನೆ. ಕೇಳಿದವರು ತಲೆದೂಗುತ್ತಾರೆ. ಆದರೆ ಆ ಮನೆ ಸಾಲದಿಂದ ಎದ್ದ ಮನೆಯಾಗಿದ್ದರೆ, ಹೇಳಿದ ಮೊತ್ತ ಕಟ್ಟಡದ ಬೆಲೆಯೇ ಹೊರತು ಮನೆಯ ಬೆಲೆಯಲ್ಲ. ಮನೆಯ ನಿಜವಾದ ಬೆಲೆ ಗೊತ್ತಾಗುವುದು ಹದಿನೈದೋ ಇಪ್ಪತ್ತೋ ವರ್ಷಗಳ ಅನಂತರ, ಕೊನೆಯ ಕಂತನ್ನು ಕಟ್ಟಿದ ದಿನ. ಆ ದಿನ ಯಾರೂ ಊಟಕ್ಕೆ ಬರುವುದಿಲ್ಲ. ಯಾರೂ ಕೇಳುವುದೂ ಇಲ್ಲ.

ನಾವು ದಂಪತಿಗಳಿಬ್ಬರೂ ಕಾಸರಗೋಡು ಸೀಮೆಯ ಕನ್ನಡ ಶಾಲೆಗಳಲ್ಲಿ ಪಾಠ ಹೇಳಿ ನಿವೃತ್ತರಾದವರು. 2004ರಲ್ಲಿ ಬ್ಯಾಂಕಿನ ಸಾಲ ಪಡೆದು ಪಾಲಿಗೆ ಬಂದ ಹತ್ತು ಸೆಂಟ್ಸು ಜಾಗದಲ್ಲಿ ಮನೆ ಕಟ್ಟಿದೆವು. 2019ರಲ್ಲಿ ಸಾಲವನ್ನು ತೀರಿಸಿದೆವು. ಈಗ ಬೆಂಗಳೂರಿನಲ್ಲೂ ಮಂಗಳೂರಿನಲ್ಲೂ ಕೆಲಸದಲ್ಲಿರುವ ನಮ್ಮ ಕಿರಿಯರು ತಮ್ಮ ತಮ್ಮ ಮನೆಸಾಲದ ಕಾಗದಗಳನ್ನು ಹಿಡಿದು ಬರುತ್ತಾರೆ. ಬಂದವರೆಲ್ಲರೂ ಕೇಳುವುದು ತಿಂಗಳ ಕಂತಿನ ವಿಚಾರವನ್ನೇ: “ಇಷ್ಟನ್ನು ಕಟ್ಟಲು ನಮ್ಮಿಂದ ಸಾಧ್ಯವೇ?” ಎಂದು. ಅದು ಕೇಳಬೇಕಾದ ಪ್ರಶ್ನೆಯೇ ಸರಿ. ಆದರೆ ಅದು ಮೊದಲನೆಯ ಪ್ರಶ್ನೆ, ಕೊನೆಯದಲ್ಲ. ಅವರಿಗೆ ಬಿಡಿಬಿಡಿಯಾಗಿ ಹೇಳಿದ್ದನ್ನು ಓದುಗರ ಮುಂದೆ ಒಟ್ಟಾಗಿ ಇಡುವುದು ಈ ಬರಹದ ಉದ್ದೇಶ.

ನೆಲವನ್ನು ಒತ್ತೆಯಿಟ್ಟು ಹಣ ತರುವುದು ನಮ್ಮ ಊರಿಗೆ ಹೊಸತೇನಲ್ಲ. 1956ರ ತನಕ ನಮ್ಮ ಸೀಮೆ ದಕ್ಷಿಣ ಕನ್ನಡ ಜಿಲ್ಲೆಯ ಒಂದು ಭಾಗ. ಆ ಕಾಲದ ಭೋಗ್ಯಪತ್ರಗಳು, ಕನ್ನಡದಲ್ಲೇ ಬರೆದವು, ಹಳೆಯ ಮನೆಗಳ ಪೆಟ್ಟಿಗೆಗಳಲ್ಲಿ ಇಂದಿಗೂ ಸಿಗುತ್ತವೆ. ಭೋಗ್ಯದ ವ್ಯವಹಾರ ಸರಳ. ಸಾಲ ಕೊಟ್ಟವನು ತೋಟವನ್ನು ತನ್ನ ವಶಕ್ಕೆ ತೆಗೆದುಕೊಳ್ಳುತ್ತಾನೆ. ಬಡ್ಡಿಗೆ ಬದಲಾಗಿ ಅಡಿಕೆಯನ್ನೂ ತೆಂಗನ್ನೂ ಅವನೇ ಕೊಯ್ಯುತ್ತಾನೆ. ಅಸಲನ್ನು ಇಡಿಯಾಗಿ ಹಿಂದಿರುಗಿಸಿದ ದಿನ ತೋಟ ಮರಳುತ್ತದೆ. ಸಾಲಗಾರನು ತನ್ನ ತೋಟದ ಗೊನೆಗಳು ಇನ್ನೊಬ್ಬನ ಅಂಗಳಕ್ಕೆ ಹೋಗುವುದನ್ನು ಪ್ರತಿವರ್ಷ ಕಣ್ಣಾರೆ ಕಾಣುತ್ತಿದ್ದ. ಸಾಲಕ್ಕೆ ತಾನು ತೆರುತ್ತಿರುವುದು ಏನೆಂಬುದನ್ನು ಅವನಿಗೆ ಯಾರೂ ವಿವರಿಸಬೇಕಾಗಿರಲಿಲ್ಲ.

ಬಡ್ಡಿಗೊಂದು ಮೇರೆ ಇರಬೇಕೆಂಬ ವಿಚಾರವೂ ನಮ್ಮ ನಾಡಿಗೆ ಹಳೆಯದು. ಒಂದು ಸಲಕ್ಕೆ ವಸೂಲು ಮಾಡುವ ಬಡ್ಡಿ ಉಳಿದ ಅಸಲನ್ನು ಮೀರಬಾರದೆಂದು ಧರ್ಮಶಾಸ್ತ್ರಗಳು ವಿಧಿಸಿದ್ದವು. ದಾಮ್‌ದುಪಟ್ ಎಂಬ ಹೆಸರಿನ ಈ ನಿಯಮವನ್ನು ಬ್ರಿಟಿಷರ ಕಾಲದ ನ್ಯಾಯಾಲಯಗಳು ಮುಂಬಯಿ ಆಧಿಪತ್ಯದಲ್ಲಿ ಮಾನ್ಯ ಮಾಡಿದವು. ಆದುದರಿಂದ ಧಾರವಾಡ, ಸೊಲ್ಲಾಪುರಗಳ ಕನ್ನಡಿಗರಿಗೆ ಅದರ ಆಶ್ರಯವಿತ್ತು; ಮದರಾಸು ಆಧಿಪತ್ಯದಲ್ಲಿದ್ದ ನಮಗೆ ಅದು ದೊರೆಯಲಿಲ್ಲ. ಇಂದಿನ ಗೃಹಸಾಲದ ಬಡ್ಡಿಗೆ ಅಂಥ ಗಡಿಯಿಲ್ಲ. ಬಡ್ಡಿಯು ತಿಂಗಳು ತಿಂಗಳಿಗೆ ಸಂದಾಯವಾಗಿ ಹೋಗುವುದರಿಂದ ಅದು ಒಂದೆಡೆ ಗುಡ್ಡೆಬಿದ್ದು ಕಾಣಿಸುವುದೇ ಇಲ್ಲ. ವರ್ಷಗಳು ಕಳೆದಂತೆ ಅದು ಅಸಲನ್ನು ಮೀರಿದರೂ ಮೀರಿತೆಂದು ತಿಳಿಸುವವರಿಲ್ಲ.

ಇನ್ನು ಲೆಕ್ಕಕ್ಕೆ ಬರೋಣ. ಓದುಗರು ತಮ್ಮ ಸಾಲಕ್ಕೆ ತಕ್ಕಂತೆ ಹೆಚ್ಚಿಸಿಯೋ ತಗ್ಗಿಸಿಯೋ ನೋಡಿಕೊಳ್ಳುವಂತೆ ಹತ್ತು ಲಕ್ಷ ರೂಪಾಯಿಗಳ ಸಾಲವನ್ನೇ ಉದಾಹರಣೆಯಾಗಿ ತೆಗೆದುಕೊಳ್ಳುತ್ತೇವೆ. ಬಡ್ಡಿ ವರ್ಷಕ್ಕೆ ಶೇಕಡಾ 8.5 ಇರಲಿ. ಹದಿನೈದು ವರ್ಷಗಳ ಅವಧಿಗಾದರೆ ತಿಂಗಳ ಕಂತು 9,847 ರೂಪಾಯಿ. ಇಪ್ಪತ್ತು ವರ್ಷಕ್ಕೆ 8,678. ಮೂವತ್ತು ವರ್ಷಕ್ಕೆ 7,689. ಅವಧಿ ಇಪ್ಪತ್ತರಿಂದ ಮೂವತ್ತಕ್ಕೆ ಏರಿದರೆ ಕಂತು ಸಾವಿರ ರೂಪಾಯಿಯಷ್ಟು ಹಗುರವಾಗುತ್ತದೆ. ಕಿರಿಯರಿಗೆ ಇದೊಂದು ಲಾಭವಾಗಿ ತೋರುತ್ತದೆ. ಇದೇ ಅಂಕೆಗಳನ್ನು ತಿಂಗಳುಗಳಿಂದ ಗುಣಿಸಿ ನೋಡಿ. ಹದಿನೈದು ವರ್ಷಗಳಲ್ಲಿ ಒಟ್ಟು ತೆರುವುದು ಸುಮಾರು 17.7 ಲಕ್ಷ, ಇಪ್ಪತ್ತು ವರ್ಷಗಳಲ್ಲಿ 20.8 ಲಕ್ಷ, ಮೂವತ್ತು ವರ್ಷಗಳಲ್ಲಿ 27.7 ಲಕ್ಷ. ತಿಂಗಳಿಗೆ ಸಾವಿರ ರೂಪಾಯಿಯ ಸಮಾಧಾನಕ್ಕೆ ಕೊಟ್ಟ ಬೆಲೆ ಹತ್ತಿರ ಹತ್ತಿರ ಏಳು ಲಕ್ಷ.

ಹೀಗಾಗುವುದರ ಕಾರಣವೇನೂ ಗೂಢವಲ್ಲ. ಪ್ರತಿತಿಂಗಳೂ ಬಡ್ಡಿಯನ್ನು ಎಣಿಸುವುದು ಆ ತಿಂಗಳು ಉಳಿದಿರುವ ಅಸಲಿನ ಮೇಲೆ. ಮೊದಲ ತಿಂಗಳಲ್ಲಿ ಹತ್ತು ಲಕ್ಷವೂ ಉಳಿದಿರುವುದರಿಂದ ಬಡ್ಡಿಯೇ 7,083 ರೂಪಾಯಿ. ಇಪ್ಪತ್ತು ವರ್ಷದ ಸಾಲದ 8,678 ರೂಪಾಯಿಯ ಕಂತಿನಲ್ಲಿ ಅದನ್ನು ಕಳೆದರೆ ಅಸಲಿಗೆ ಜಮೆಯಾಗುವುದು 1,595 ಮಾತ್ರ. ಮೂವತ್ತು ವರ್ಷದ ಸಾಲದಲ್ಲಾದರೆ ಬರಿಯ 606. ಅಸಲು ಕರಗಿದಷ್ಟೂ ಬಡ್ಡಿ ತಗ್ಗುತ್ತದೆ. ಆದರೆ ಕರಗುವ ವೇಗ ಆರಂಭದಲ್ಲಿ ಅತಿ ಮಂದ. ಇಪ್ಪತ್ತು ವರ್ಷದ ಸಾಲದಲ್ಲಿ ಅರ್ಧ ಅವಧಿ, ಅಂದರೆ ಹತ್ತು ವರ್ಷ, ಮುಗಿದಾಗಲೂ ಹತ್ತು ಲಕ್ಷದಲ್ಲಿ ಏಳು ಲಕ್ಷ ಹಾಗೆಯೇ ಉಳಿದಿರುತ್ತದೆ. ಅಸಲು ಅರ್ಧಕ್ಕೆ ಇಳಿಯುವುದು ಹದಿನಾಲ್ಕನೆಯ ವರ್ಷದಲ್ಲಿ. ಮೂವತ್ತು ವರ್ಷದ ಸಾಲಗಾರನಿಗೆ ಹತ್ತು ವರ್ಷ ಕಂತು ಕಟ್ಟಿದ ಮೇಲೂ 8.86 ಲಕ್ಷ ಬಾಕಿ. ಬಾಡಿಗೆ ಕಟ್ಟುವ ಬದಲು ಕಂತು ಕಟ್ಟಿದರೆ ಮನೆ ನಮ್ಮದಾಗುತ್ತ ಬರುತ್ತದೆ ಎಂಬ ಮಾತು ಸುಳ್ಳಲ್ಲ. ಆದರೆ ಅದು ‘ನಮ್ಮದಾಗುತ್ತ ಬರುವುದು’ ಬಹುಮಟ್ಟಿಗೆ ಕೊನೆಯ ವರ್ಷಗಳಲ್ಲಿ. ಮೊದಲ ವರ್ಷಗಳಲ್ಲಿ ನಾವು ಕಟ್ಟುವುದೂ ಒಂದು ಬಗೆಯ ಬಾಡಿಗೆಯೇ. ಮನೆಗಲ್ಲ, ಹಣಕ್ಕೆ.

ಇದು ದರವು ಬದಲಾಗದೆ ಇದ್ದರೆ ಆಗುವ ಮಾತು. ಬದಲಾದರೆ ಏನಾಗುತ್ತದೆಂಬುದಕ್ಕೆ ನಮ್ಮ ಸ್ವಂತ ಸಾಲವೇ ನಿದರ್ಶನ. ನಾವು ಪಡೆದುದು ಆರು ಲಕ್ಷ ರೂಪಾಯಿ; ಹದಿನೈದು ವರ್ಷಗಳ ಅವಧಿ. ಮೊದಲ ನಾಲ್ಕು ವರ್ಷ ಶೇಕಡಾ 7.5ರ ನಿಶ್ಚಿತ ದರ, ಅನಂತರ ಚರದರ ಎಂಬುದು ಒಪ್ಪಂದ. ಕಂತು 5,562 ರೂಪಾಯಿ. ನಾಲ್ಕು ವರ್ಷಗಳಲ್ಲಿ ಸುಮಾರು 2,67,000 ರೂಪಾಯಿ ಕಟ್ಟಿದ್ದೆವು. ಅಸಲು ಇಳಿದುದು ಒಂದು ಲಕ್ಷದಷ್ಟು. 2008ರಲ್ಲಿ ದರವು ಶೇಕಡಾ 11ಕ್ಕೆ ಏರಿತು. ಆದರೆ ಸಂಬಳದಿಂದ ಹೋಗುವ ಕಂತು ಒಂದು ರೂಪಾಯಿಯೂ ಹೆಚ್ಚಲಿಲ್ಲ. “ನಿಮ್ಮ ಕಂತಿನಲ್ಲಿ ವ್ಯತ್ಯಾಸವಿಲ್ಲ, ಚಿಂತೆ ಬೇಡ” ಎಂದು ಬ್ಯಾಂಕಿನಲ್ಲಿ ಹೇಳಿದರು. ಆ ಮಾತಿನಲ್ಲಿ ಅಸತ್ಯವಿರಲಿಲ್ಲ; ಅರ್ಧ ಸತ್ಯವಿತ್ತು.

ಪ್ರತಿವರ್ಷ ಸಾಲದ ವಿವರಪಟ್ಟಿಯನ್ನು ತರಿಸಿ ಇಬ್ಬರೂ ಕುಳಿತು ಓದುವುದು ನಮ್ಮ ರೂಢಿ. ಗಣಿತ ಕಲಿಸಿದವರ ಚಾಳಿ ಎನ್ನಿ. ಆ ವರ್ಷದ ಪಟ್ಟಿಯ ಕೊನೆಯ ಸಾಲಿನಲ್ಲಿ ‘ಉಳಿದ ಕಂತುಗಳು 132’ ಎಂದಿರಬೇಕಾದಲ್ಲಿ 189 ಎಂದಿತ್ತು. ಐವತ್ತೇಳು ತಿಂಗಳುಗಳು, ಎಂದರೆ ಐದು ವರ್ಷಕ್ಕೆ ಮೂರು ತಿಂಗಳು ಕಡಮೆ, ಸದ್ದಿಲ್ಲದೆ ಬಂದು ಸೇರಿಕೊಂಡಿದ್ದುವು. 2019ರಲ್ಲಿ ತೀರಬೇಕಾದ ಸಾಲ 2024ರ ತನಕ ಬೆಳೆದಿತ್ತು. ಕೇರಳದಲ್ಲಿ ಆಗ ಅಧ್ಯಾಪಕರ ನಿವೃತ್ತಿಯ ವಯಸ್ಸು 55. ನಮ್ಮಿಬ್ಬರಲ್ಲಿ ಹಿರಿಯರಾದವರ ಸೇವೆ 2020ಕ್ಕೆ ಮುಗಿಯಬೇಕಿತ್ತು. ಪಿಂಚಣಿಯ ಹಣದಿಂದ ನಾಲ್ಕು ವರ್ಷ ಕಂತು ಕಟ್ಟುವುದೆಂದರೆ ಏನೆಂಬುದು ತಿಳಿಯಲು ಬೇರೆ ಗಣಿತ ಬೇಕಾಗಿರಲಿಲ್ಲ.

ಮರುದಿನವೇ ಕಂತನ್ನು ಏರಿಸಬೇಕೆಂದು ಅರ್ಜಿ ಬರೆದುಕೊಟ್ಟೆವು. ಕಂತು ಹೆಚ್ಚಿಸಿರೆಂದು ಕೇಳುವವರನ್ನು ಅಲ್ಲಿಯವರು ಹೆಚ್ಚಾಗಿ ಕಂಡಿರಲಿಲ್ಲವೆಂದು ತೋರುತ್ತದೆ. ಮೂರು ಸಲ ಹೋಗಬೇಕಾಯಿತು. 5,562 ಇದ್ದುದು 6,532 ಆಯಿತು. ತಿಂಗಳಿಗೆ 970 ರೂಪಾಯಿ ಹೆಚ್ಚು. ಅದೇ ದರ ಮುಂದುವರಿಯುವುದೆಂದು ಎಣಿಸಿದರೆ, ಹಳೆಯ ಕಂತಿನಲ್ಲಿ 189 ತಿಂಗಳು ಕಟ್ಟುವುದಕ್ಕೂ ಹೊಸ ಕಂತಿನಲ್ಲಿ 132 ತಿಂಗಳು ಕಟ್ಟುವುದಕ್ಕೂ ನಡುವಿನ ವ್ಯತ್ಯಾಸ 1,90,000 ರೂಪಾಯಿಯಷ್ಟು. ನಡುವೆ ದರ ಸ್ವಲ್ಪ ಏರಿಳಿದರೂ ನಾವು ಕಂತನ್ನು ಇಳಿಸಲಿಲ್ಲ. 2019ರಲ್ಲಿ ಸಾಲ ತೀರಿತು. ಆರು ಲಕ್ಷಕ್ಕೆ ನಾವು ತೆತ್ತುದು ಹನ್ನೊಂದು ಲಕ್ಷದ ಆಸುಪಾಸು.

ಆದರೆ ಆ 970 ರೂಪಾಯಿಯೂ ಎಲ್ಲಿಂದಲೋ ಬರಬೇಕಷ್ಟೆ. 2010ರಲ್ಲಿ ಊರಿನ ಹಳೆಯ ಮನೆಯಲ್ಲಿದ್ದ ತಾಯಿ ಹಾಸಿಗೆ ಹಿಡಿದರು. ನಮ್ಮಲ್ಲೊಬ್ಬರು ಸಂಬಳವಿಲ್ಲದ ರಜೆ ಹಾಕಿ ಆರು ತಿಂಗಳು ಅವರ ಬಳಿ ಇರಬೇಕೆಂದು ಮನಸ್ಸಿನಲ್ಲಿತ್ತು. ಕಂತು, ಮಕ್ಕಳ ಶುಲ್ಕ, ದಿನಸಿ ಎಲ್ಲವನ್ನೂ ಒಂದೇ ಸಂಬಳದಲ್ಲಿ ಬರೆದು ನೋಡಿದೆವು, ಲೆಕ್ಕ ಕೂಡಿಬರಲಿಲ್ಲ. ಆಳನ್ನು ಗೊತ್ತುಮಾಡಿ, ಶನಿವಾರ ಸಂಜೆಯ ಬಸ್ಸಿಗೆ ಹೋಗಿ ಆದಿತ್ಯವಾರ ರಾತ್ರಿ ಮರಳುತ್ತಿದ್ದೆವು. ಹೊರಡುವಾಗ ಅವರು, “ನಾಳೆ ಶಾಲೆಯುಂಟಲ್ಲ, ಹೋಗಿಬನ್ನಿ” ಎನ್ನುತ್ತಿದ್ದರು. ಒಂದು ಮಳೆಗಾಲ ಹಾಗೆಯೇ ಹೋಯಿತು, ಅವರೂ ಹೋದರು. ಇದನ್ನು ಸಾಲದ ಮೇಲಿನ ದೂರಾಗಿ ಬರೆಯುತ್ತಿಲ್ಲ. ನಾವು ಸೂರು ಮಾಡಿಕೊಂಡುದು ಆ ಸಾಲದಿಂದಲೇ. ಮನೆಸಾಲದ ಬೆಲೆಯನ್ನು ಎಣಿಸುವಾಗ ಬಡ್ಡಿಯ ಅಂಕಣದ ಪಕ್ಕದಲ್ಲಿ ಇನ್ನೊಂದು ಅಂಕಣವಿದೆ, ಅದಕ್ಕೆ ಬ್ಯಾಂಕಿನ ಪಟ್ಟಿಯಲ್ಲಿ ಸ್ಥಳವಿಲ್ಲ ಎಂದು ಹೇಳುವುದಷ್ಟೇ ನಮ್ಮ ಇಂಗಿತ. ಕಂತು ಇರುವಷ್ಟು ಕಾಲ ಕೆಲಸ ಬಿಡುವಂತಿಲ್ಲ, ಊರು ಬದಲಿಸುವಂತಿಲ್ಲ, ನಿಲ್ಲಬೇಕೆನಿಸಿದಲ್ಲಿ ನಿಲ್ಲುವಂತಿಲ್ಲ. ಅವಧಿಯನ್ನು ಹತ್ತು ವರ್ಷ ಉದ್ದ ಮಾಡಿದವನು ಈ ಕಟ್ಟನ್ನೂ ಹತ್ತು ವರ್ಷ ಉದ್ದ ಮಾಡಿಕೊಳ್ಳುತ್ತಾನೆ.

ಬಡ್ಡಿಯಲ್ಲದ ಚಿಲ್ಲರೆ ವೆಚ್ಚಗಳನ್ನೂ ಮರೆಯಬಾರದು. ಕೇರಳದಲ್ಲಿ ಜಾಗವನ್ನು ಕ್ರಯಕ್ಕೆ ಕೊಂಡರೆ ಮುದ್ರಾಂಕ ಶುಲ್ಕ ಶೇಕಡಾ 8, ನೋಂದಣಿ ಶುಲ್ಕ ಶೇಕಡಾ 2. ಹತ್ತನೆಯ ಒಂದು ಪಾಲು ಅಲ್ಲಿಗೇ ಸಂದಿತು. ಬ್ಯಾಂಕಿನ ಪರಿಶೀಲನಾ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪಕರ ಸಂಭಾವನೆ ಬೇರೆ. ಹಳೆಯ ಆಧಾರ ಕನ್ನಡದಲ್ಲಿದ್ದರೆ ಅದನ್ನು ಓದಬಲ್ಲ ವಕೀಲರನ್ನು ಹುಡುಕುವುದು, ಭಾಷಾಂತರ ಮಾಡಿಸುವುದು ನಮ್ಮಂಥ ಗಡಿನಾಡಿನವರಿಗೆ ಮಾತ್ರ ಬರುವ ವೆಚ್ಚ. ಇವೆಲ್ಲ ಒಂದೇ ಸಲಕ್ಕೆ ಮುಗಿಯುತ್ತವೆ. ಮುಗಿಯದೆ ಉಳಿಯುವುದು ಸಾಲದೊಳಕ್ಕೆ ಸೇರಿಸಿದ ವೆಚ್ಚ. ಸಾಲಗಾರನ ಜೀವವಿಮೆಯ ಕಂತು ಮೂವತ್ತು ಸಾವಿರವಾಯಿತೆನ್ನೋಣ. “ಈಗ ಕೊಡುವುದು ಬೇಡ, ಸಾಲಕ್ಕೇ ಸೇರಿಸುತ್ತೇವೆ” ಎಂದರೆ ಅನುಕೂಲವೆಂದೇ ತೋರುತ್ತದೆ. ಶೇಕಡಾ 8.5ರ ಇಪ್ಪತ್ತು ವರ್ಷದ ಸಾಲದಲ್ಲಿ ಆ ಮೂವತ್ತು ಸಾವಿರಕ್ಕೆ ಕೊನೆಗೆ ತೆರುವುದು 62,000 ರೂಪಾಯಿಗೂ ಮಿಕ್ಕಿ.

ಸಾಲವನ್ನು ದೂರುವುದೊಂದೇ ಕೆಲಸವಾದರೆ ಲೆಕ್ಕ ಏಕಪಕ್ಷೀಯವಾದೀತು. ಇಪ್ಪತ್ತು ವರ್ಷದ ಅನಂತರ ಕಟ್ಟುವ ಒಂದು ರೂಪಾಯಿ ಇಂದಿನ ರೂಪಾಯಿಗೆ ಸಮನಲ್ಲ. ಬೆಲೆಗಳು ಏರುತ್ತವೆ, ಸಂಬಳವೂ ಏರುತ್ತದೆ, ಕಂತು ಮಾತ್ರ ನಿಂತಲ್ಲೇ ನಿಂತಿರುತ್ತದೆ; 2004ರಲ್ಲಿ ಭಾರವೆನಿಸಿದ ಕಂತು 2018ರಲ್ಲಿ ಅಷ್ಟು ಭಾರವೆನಿಸಲಿಲ್ಲ. ಸಾಲ ಮಾಡದೆ ಹಣ ಕೂಡಿಡುತ್ತ ಕುಳಿತಿದ್ದರೆ ಆ ಹದಿನೈದು ವರ್ಷ ಬಾಡಿಗೆ ಕೊಡಬೇಕಿತ್ತು. ಕಲ್ಲು ಮರಳುಗಳ ಬೆಲೆ ನಮ್ಮ ಉಳಿತಾಯಕ್ಕಿಂತ ಬೇಗ ಬೆಳೆಯುತ್ತಿತ್ತು. ಆದುದರಿಂದ ಸಾಲ ಮಾಡಬೇಡಿ ಎನ್ನುವುದು ನಮ್ಮ ಉಪದೇಶವಲ್ಲ. ಸಾಲದಲ್ಲಿ ಅತ್ಯಂತ ದುಬಾರಿಯಾದ ವಸ್ತು ಕಾಲ, ಅದನ್ನು ಬೇಕಾದಷ್ಟೇ ಕೊಳ್ಳಿ ಎನ್ನುವುದು ಮಾತ್ರ.

ಕೊಂಡ ಕಾಲವನ್ನು ಮರಳಿಸುವ ದಾರಿಯೂ ಇದೆ. ಮೇಲೆ ಹೇಳಿದ ಹತ್ತು ಲಕ್ಷದ, ಇಪ್ಪತ್ತು ವರ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಒಂದು ಲಕ್ಷವನ್ನು ಹೆಚ್ಚಾಗಿ ಅಸಲಿಗೆ ಕಟ್ಟಿದರೆ, ಕೊನೆಯಲ್ಲಿ 48 ಕಂತುಗಳು ಇಲ್ಲವಾಗುತ್ತವೆ. ಅದೇ ಒಂದು ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಗೆ ಕಟ್ಟಿದರೆ ಇಲ್ಲವಾಗುವುದು 16 ಕಂತುಗಳಷ್ಟೆ. ಲಕ್ಷ ಕೈಯಲ್ಲಿಲ್ಲದವರು ವರ್ಷಕ್ಕೆ ಹನ್ನೆರಡರ ಬದಲು ಹದಿಮೂರು ಕಂತು ಕಟ್ಟಿದರೂ ಸಾಕು, ಸುಮಾರು 40 ತಿಂಗಳು ಮೊದಲೇ ಸಾಲ ತೀರುತ್ತದೆ. ಅಡಿಕೆಗೆ ಒಳ್ಳೆಯ ಧಾರಣೆ ಬಂದ ವರ್ಷವೋ ಸಂಬಳದ ಹಿಂಬಾಕಿ ಬಂದ ತಿಂಗಳೋ ಇದಕ್ಕೆ ಒದಗಬಹುದು. ಚರದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ಬ್ಯಾಂಕುಗಳು ದಂಡ ವಿಧಿಸಬಾರದೆಂದು ರಿಸರ್ವ್ ಬ್ಯಾಂಕು 2012ರಲ್ಲೇ ಆಜ್ಞಾಪಿಸಿದೆ. ಹಾಗೆಂದು ಕೈಯನ್ನು ಪೂರ್ತಿ ಬರಿದು ಮಾಡಿ ಕಟ್ಟಬಾರದು. ಕಟ್ಟಿದ ಹಣ ಕಾಯಿಲೆಯ ದಿನ ಮರಳಿ ಬರುವುದಿಲ್ಲ. ಆರು ತಿಂಗಳ ಸಂಸಾರದ ವೆಚ್ಚವನ್ನು ಬೇರೆಯಾಗಿ ಇಟ್ಟುಕೊಂಡು, ಉಳಿದುದನ್ನು ಕಟ್ಟುವುದು ಕ್ಷೇಮ.

ನಮ್ಮ ಕಾಲಕ್ಕಿಂತ ಇಂದಿನ ಸಾಲಗಾರರಿಗೆ ರಕ್ಷಣೆ ಹೆಚ್ಚು, ಕೇಳಿ ಪಡೆಯಬೇಕಷ್ಟೆ. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರಿಸರ್ವ್ ಬ್ಯಾಂಕಿನ ರೆಪೋ ದರವು ಶೇಕಡಾ 4ರಿಂದ 6.5ಕ್ಕೆ ಏರಿದಾಗ ಬಹಳ ಮಂದಿಗೆ ನಮಗಾದ ಅನುಭವವೇ ಆಯಿತು. ಶೇಕಡಾ 7ರ ದರದಲ್ಲಿ ಇಪ್ಪತ್ತು ವರ್ಷಕ್ಕೆ ಹತ್ತು ಲಕ್ಷ ಪಡೆದವನ ಕಂತು 7,753 ರೂಪಾಯಿ, ದರ 9.5 ಆದಾಗ, ಅಸಲು ಇನ್ನೂ ಹತ್ತು ಲಕ್ಷದ ಸಮೀಪವಿದ್ದರೆ, ತಿಂಗಳ ಬಡ್ಡಿಯೇ 7,900ರಷ್ಟಾಗುತ್ತದೆ. ಕಂತು ಬಡ್ಡಿಗೇ ಸಾಲದು. ಕಟ್ಟುತ್ತ ಹೋದಂತೆ ಸಾಲ ಬೆಳೆಯುತ್ತದೆ! 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕು ಇದಕ್ಕೊಂದು ಕ್ರಮ ವಿಧಿಸಿತು. ದರ ಬದಲಾದಾಗ ಸಾಲಗಾರನಿಗೆ ತಿಳಿಸಬೇಕು. ಕಂತನ್ನು ಹೆಚ್ಚಿಸುವುದೋ ಅವಧಿಯನ್ನು ಬೆಳೆಸುವುದೋ ಎಂಬ ಆಯ್ಕೆಯನ್ನು ಅವನಿಗೇ ಕೊಡಬೇಕು. ಮೂರು ತಿಂಗಳಿಗೊಮ್ಮೆ ಉಳಿದ ಕಂತುಗಳ ಸಂಖ್ಯೆಯನ್ನೊಳಗೊಂಡ ವಿವರ ಒದಗಿಸಬೇಕು. 2024ರ ಅಕ್ಟೋಬರಿನಿಂದ ಹೊಸ ಸಾಲಗಳಿಗೆಲ್ಲ ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಎಂಬ ಮುಖ್ಯಾಂಶಗಳ ಪತ್ರ ಕಡ್ಡಾಯ. ಶುಲ್ಕಗಳೆಲ್ಲವೂ ಸೇರಿದ ವಾರ್ಷಿಕ ದರವನ್ನೂ ಕಂತುಕಂತಿನ ಪಟ್ಟಿಯನ್ನೂ ಅದರಲ್ಲಿ ತೋರಿಸಬೇಕು. ನಮ್ಮವರು ಗಮನಿಸಬೇಕಾದ ಮಾತೊಂದಿದೆ: ಆ ಪತ್ರವು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕೆಂಬುದು ನಿಯಮ. ಇಂಗ್ಲಿಷೂ ಮಲಯಾಳವೂ ಓದಲು ತೊಡಕಾದವರು ಕನ್ನಡದಲ್ಲಿ ಕೊಡಿರೆಂದು ಕೇಳುವುದು ಬೇಡಿಕೆಯಲ್ಲ, ಹಕ್ಕು.

ಸಾಲ ತೀರಿದ ಮೇಲೂ ಒಂದು ಕೆಲಸ ಉಳಿಯುತ್ತದೆ. ಒತ್ತೆಯಿಟ್ಟ ಮೂಲ ಪತ್ರಗಳನ್ನು ಎಣಿಸಿ ಮರಳಿ ಪಡೆಯಬೇಕು. ನೋಂದಣಿ ಕಚೇರಿಯ ದಾಖಲೆಯಲ್ಲಿ ಸಾಲದ ಉಲ್ಲೇಖವಿದ್ದರೆ ಅದು ತೆರವಾಯಿತೆಂದು ಋಣಭಾರ ಪತ್ರ ತರಿಸಿ ನೋಡಬೇಕು. ಸಾಲ ತೀರಿದ ಮೂವತ್ತು ದಿನಗಳೊಳಗೆ ಪತ್ರಗಳನ್ನು ಮರಳಿಸದೆ ಬ್ಯಾಂಕು ತಡಮಾಡಿದರೆ ದಿನಕ್ಕೆ 5,000 ರೂಪಾಯಿ ಪರಿಹಾರ ತೆರಬೇಕೆಂಬ ನಿಯಮ 2023ರ ಡಿಸೆಂಬರಿನಿಂದ ಜಾರಿಯಲ್ಲಿದೆ. ನಾವು ಸಾಲ ತೀರಿಸಿದಾಗ ಆ ನಿಯಮವಿರಲಿಲ್ಲ. ನಮ್ಮ ಆಧಾರ ಕೈಸೇರಲು ಎರಡು ತಿಂಗಳಿಗೂ ಮಿಕ್ಕಿ ಕಾಯಬೇಕಾಯಿತು.

ತಮ್ಮನ ಮಗನೊಬ್ಬ ಬೆಂಗಳೂರಿನಲ್ಲಿ ಮನೆ ಕೊಳ್ಳಲು ಮೂವತ್ತು ವರ್ಷದ ಸಾಲದ ಕಾಗದ ತಂದಿದ್ದ. ಅವನ ಪ್ರಾಯ ಮೂವತ್ತೊಂದು. ನಾವು ಬಡ್ಡಿಯ ಮಾತನ್ನೇ ಎತ್ತಲಿಲ್ಲ. ಒಂದು ಹಾಳೆಯ ಎಡಗಡೆ ಇಸವಿಗಳನ್ನು ಬರೆದು, ಪ್ರತಿಯೊಂದರ ಎದುರು ಅವನ ಪ್ರಾಯವನ್ನೂ ಅವನ ತಂದೆತಾಯಿಗಳ ಪ್ರಾಯವನ್ನೂ ಅವನಿಂದಲೇ ಬರೆಯಿಸಿದೆವು. ಕೊನೆಯ ಕಂತಿನ ಇಸವಿಯ ಎದುರಿಗೆ ಬರೆಯಬೇಕಾಗಿ ಬಂದಾಗ ಅವನು ತುಸು ಹೊತ್ತು ಸುಮ್ಮನಾದ. ಆಮೇಲೆ ಒಂದು ಕೋಣೆ ಕಡಮೆಯಿರುವ ಮನೆಯನ್ನು ನೋಡುವೆನೆಂದ. ಈಗ ಹದಿನೆಂಟು ವರ್ಷಗಳ ಸಾಲ ಪಡೆದಿದ್ದಾನೆ. ಕಂತು ಸ್ವಲ್ಪ ಬಿಗಿಯೆಂದು ಒಮ್ಮೊಮ್ಮೆ ಗೊಣಗುವುದೂ ಉಂಟು.

ಸಾಲವಿರುವ ಓದುಗರಲ್ಲಿ ನಮ್ಮದೊಂದು ಬಿನ್ನಹ. ಮುಂದಿನ ಸಲ ಬ್ಯಾಂಕಿನ ವಿವರಪಟ್ಟಿ ಬಂದಾಗ ಕಂತಿನ ಅಂಕೆಯನ್ನು ನೋಡಿ ಮಡಚಿಡಬೇಡಿ. ಉಳಿದ ಅಸಲೆಷ್ಟು, ಉಳಿದ ತಿಂಗಳುಗಳೆಷ್ಟು ಎಂಬ ಎರಡು ಅಂಕೆಗಳನ್ನು ಗೋಡೆಯ ಪಂಚಾಂಗದ ಮೇಲೆ ಬರೆದಿಡಿ. ಮರುವರ್ಷ ಅವನ್ನೇ ಮತ್ತೆ ಹೋಲಿಸಿ ನೋಡಿ. ಹನ್ನೆರಡು ತಿಂಗಳು ಕಟ್ಟಿದ ಮೇಲೆ ಉಳಿದ ತಿಂಗಳುಗಳು ಹನ್ನೆರಡು ಕಡಮೆಯಾಗಿವೆಯೇ? ಆಗಿಲ್ಲವಾದರೆ ಅಂದೇ ಬ್ಯಾಂಕಿಗೆ ಹೋಗಿ ಕಾರಣ ಕೇಳಿ.